ಪಿಂಚಣಿ: ದಯೆಯೋ, ಹಕ್ಕೋ?

ತಿಂಗಳ ಮೊದಲ ವಾರದಲ್ಲಿ ಬ್ಯಾಂಕಿನ ಮುಂದೆ ನಿವೃತ್ತ ನೌಕರರು ಕಾದು ಕುಳಿತಿರುವುದನ್ನು ನೀವು ನೋಡಿರುತ್ತೀರಿ. ಅವರು ಪಡೆಯುವ ಹಣ ಸರ್ಕಾರ ದಯೆಯಿಂದ ಕೊಡುವುದೋ, ದುಡಿದವರ ಹಕ್ಕೋ? ಈ ಪ್ರಶ್ನೆ ಇತ್ಯರ್ಥವಾಗಲು ನೂರು ವರ್ಷ ಹಿಡಿಯಿತು.

1871ರಲ್ಲಿ ಬ್ರಿಟಿಷ್ ಸರ್ಕಾರ ಪಿಂಚಣಿ ಕಾಯ್ದೆಯನ್ನು ತಂದಿತು. ಪಿಂಚಣಿಯ ತಕರಾರನ್ನು ಸಿವಿಲ್ ನ್ಯಾಯಾಲಯಕ್ಕೆ ನೇರವಾಗಿ ಒಯ್ಯುವಂತಿರಲಿಲ್ಲ. ಮೊದಲು ಕಲೆಕ್ಟರರಿಗೆ ಅರ್ಜಿ ಸಲ್ಲಿಸಬೇಕು. ಅವರ ಕಡೆಯಿಂದ ಪ್ರಮಾಣಪತ್ರ ಸಿಕ್ಕರೆ ಮಾತ್ರ ದಾವೆ. ಇಂಡಿ ಸೀಮೆ ಆಗ ಮುಂಬಯಿ ಪ್ರಾಂತದ ಕಲಾದಗಿ ಜಿಲ್ಲೆಗೆ ಸೇರಿತ್ತು. ಜಿಲ್ಲಾ ಕೇಂದ್ರ ವಿಜಾಪುರಕ್ಕೆ ಬಂದದ್ದು 1885ರಲ್ಲಿ. ಭೀಮಾ ತೀರದ ಅರ್ಜಿದಾರ ಕೃಷ್ಣೆಯನ್ನು ದಾಟಿ ಘಟಪ್ರಭೆಯ ದಂಡೆಗೆ ಹೋಗಬೇಕಿತ್ತು. ಅಲ್ಲಿಯೂ ಹಣ ಕೊಡಬೇಕಾದವರೇ ನ್ಯಾಯ ಹೇಳುವವರು!

ಇನ್ನು ಚಡಚಣದಿಂದ ಬಂದು ಇಂಡಿಯ ಮಾಮಲೇದಾರ ಕಚೇರಿಯಲ್ಲಿ 1940ರಲ್ಲಿ ನೌಕರಿಗೆ ಸೇರಿದ ಕಾರಕೂನರೊಬ್ಬರನ್ನು ಕಲ್ಪಿಸಿಕೊಳ್ಳಿ. 1956ರ ನವೆಂಬರ್ 1ರಂದು ಅವರು ಕುರ್ಚಿ ಬಿಟ್ಟು ಏಳಲಿಲ್ಲ, ಆದರೆ ಧಣಿ ಬದಲಾದ. ಮುಂಬಯಿ ಸರ್ಕಾರದ ನೌಕರರಾಗಿದ್ದವರು ಮೈಸೂರು ಸರ್ಕಾರದ ನೌಕರರಾದರು. ಹಿಂದಿನ ಹದಿನಾರು ವರ್ಷದ ಸೇವೆಯ ಗತಿಯೇನು? ರಾಜ್ಯ ಪುನರ್ವಿಂಗಡಣಾ ಕಾಯ್ದೆಯ 115ನೆಯ ಕಲಮು ಇಂಥವರಿಗಾಗಿಯೇ ಇತ್ತು. ಕೇಂದ್ರ ಸರ್ಕಾರದ ಪೂರ್ವಾನುಮತಿಯಿಲ್ಲದೆ ಅವರ ಸೇವಾ ನಿಯಮಗಳನ್ನು ಅವರಿಗೆ ನಷ್ಟವಾಗುವಂತೆ ಬದಲಿಸಕೂಡದೆಂದು ಅದು ವಿಧಿಸಿತು. ಆದರೂ ಜ್ಯೇಷ್ಠತೆ, ಬಡ್ತಿಗಳ ವ್ಯಾಜ್ಯಗಳು ಬಹುಕಾಲ ನಡೆದವು. ಬಡ್ತಿ ತಪ್ಪಿದರೆ ಕೊನೆಯ ಸಂಬಳ ಕಡಿಮೆ, ಅದರಿಂದ ಪಿಂಚಣಿಯೂ ಕಡಿಮೆ ಎಂಬುದನ್ನು ನೀವು ಗಮನಿಸಬೇಕು.

ತಿರುವು ಬಂದದ್ದು ಬಿಹಾರದ ಒಂದು ಪ್ರಕರಣದಿಂದ. ಅಲ್ಲಿನ ಶಿಕ್ಷಣ ಸೇವೆಯ ದೇವಕೀನಂದನ ಪ್ರಸಾದ್ ಎಂಬುವರಿಗೆ ಸರ್ಕಾರ ಪಿಂಚಣಿ ನಿರಾಕರಿಸಿತ್ತು. 1971ರಲ್ಲಿ ಸರ್ವೋಚ್ಚ ನ್ಯಾಯಾಲಯ, ಪಿಂಚಣಿ ಕೃಪೆಯಲ್ಲ, ನೌಕರನ ಆಸ್ತಿ ಎಂದು ಸಾರಿತು. 1871ರ ಕಾಯ್ದೆ ಸಿವಿಲ್ ದಾವೆಯನ್ನು ತಡೆದರೂ ರಿಟ್ ಅರ್ಜಿಯನ್ನು ತಡೆಯಲಾರದು ಎಂದೂ ಹೇಳಿತು. ಸರಿಯಾಗಿ ನೂರು ವರ್ಷದ ಮೇಲೆ ಬೀಗ ಸಡಿಲವಾಯಿತು.

ಮುಂದಿನ ಹೋರಾಟ ತಾರೀಖಿನದು. 1979ರಲ್ಲಿ ಕೇಂದ್ರ ಸರ್ಕಾರ ಪಿಂಚಣಿಯ ಲೆಕ್ಕಾಚಾರವನ್ನು ಉದಾರಗೊಳಿಸಿತು. ಆದರೆ ಆ ವರ್ಷದ ಮಾರ್ಚ್ 31ರಂದು ಅಥವಾ ಅನಂತರ ನಿವೃತ್ತರಾದವರಿಗೆ ಮಾತ್ರ. ಒಂದು ದಿನ ಮೊದಲು ನಿವೃತ್ತರಾದವರು ಮಾಡಿದ ತಪ್ಪೇನು? ಡಿ.ಎಸ್. ನಕಾರಾ ಮತ್ತಿತರರು ಕೇಳಿದ್ದು ಇದನ್ನೇ. 1982ರ ಡಿಸೆಂಬರ್ 17ರಂದು ಐವರು ನ್ಯಾಯಾಧೀಶರ ಪೀಠ ಆ ಭೇದವನ್ನು ತಳ್ಳಿಹಾಕಿತು. ಹಿಂದಿನ ಬಾಕಿ ಸಿಗಲಿಲ್ಲ, ನಿಜ. 1990ರಲ್ಲಿ ಕೃಷ್ಣಕುಮಾರ್ ಪ್ರಕರಣದಲ್ಲಿ, ಭವಿಷ್ಯ ನಿಧಿಯನ್ನು ಆರಿಸಿಕೊಂಡವರದು ಬೇರೆಯೇ ವರ್ಗ ಎಂದು ಅದೇ ನ್ಯಾಯಾಲಯ ಗೆರೆ ಎಳೆಯಿತು. ಆದರೂ ಡಿಸೆಂಬರ್ 17 ಇಂದಿಗೂ ಪಿಂಚಣಿದಾರರ ದಿನ.

ನಮ್ಮ ರಾಜ್ಯದಲ್ಲಿ ಸರ್ಕಾರಿ ನೌಕರರ ಇಂಥ ತಕರಾರುಗಳು 1986ರಿಂದ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋದವು. ಅದರ ತೀರ್ಪನ್ನು ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿಸಬಹುದೆಂದು 1997ರಲ್ಲಿ ನಿರ್ಣಯವಾಯಿತು. ಆಗ ಅದಕ್ಕೂ ಬೆಂಗಳೂರಿಗೇ ಪ್ರಯಾಣ. 2008ರಲ್ಲಿ ಕಲಬುರಗಿಯಲ್ಲಿ ಸಂಚಾರಿ ಪೀಠ ಆರಂಭವಾಗಿ, 2013ರಲ್ಲಿ ಅದು ಖಾಯಂ ಆಯಿತು. ಈಗ ತಾನೇ ತಾಲೂಕು ಕೇಂದ್ರವಾಗಿರುವ ಚಡಚಣದ ಕಡತಗಳು ಆ ಪೀಠಕ್ಕೆ ಹೋಗುತ್ತವೆ.