ನಾಲ್ಕು ಪಥಗಳ ಟೇಪು ಮತ್ತು ಒಲಿವಿಯಾ ಟ್ರೆಮರ್ ಕಂಟ್ರೋಲ್

ಅಮೆರಿಕದ ಸ್ವತಂತ್ರ ರಾಕ್ ಸಂಗೀತದ ಚರಿತ್ರೆಯಲ್ಲಿ, ಅಂದರೆ ದೊಡ್ಡ ಕಂಪನಿಗಳ ಬಂಡವಾಳ, ಸ್ಟುಡಿಯೊ ಹಾಗೂ ವಿತರಣಾ ಜಾಲಗಳ ಹಂಗಿಲ್ಲದೆ ಬೆಳೆದ ಸಂಗೀತದ ಚರಿತ್ರೆಯಲ್ಲಿ, ಜಾರ್ಜಿಯಾ ರಾಜ್ಯದ ಅಥೆನ್ಸ್ ಪಟ್ಟಣದ ಒಲಿವಿಯಾ ಟ್ರೆಮರ್ ಕಂಟ್ರೋಲ್ ತಂಡಕ್ಕೆ ಸಲ್ಲಬೇಕಾದ ಸ್ಥಾನ ಅದರ ಜನಪ್ರಿಯತೆಗಿಂತ ಬಹಳ ದೊಡ್ಡದು. ತಂಡ ಪೂರ್ಣಪ್ರಮಾಣದಲ್ಲಿ ಹೊರತಂದ ಆಲ್ಬಮ್‌ಗಳು ಮುಖ್ಯವಾಗಿ ಎರಡೇ. ಆದರೆ 1960ರ ದಶಕದ ಸೈಕೆಡೆಲಿಕ್ ಸಂಗೀತ, ಅಂದರೆ ಮಾದಕದ್ರವ್ಯಗಳಿಂದ ಉಂಟಾಗುವ ಮನಃಸ್ಥಿತಿಯನ್ನೂ ಕನಸಿನ ತರ್ಕವನ್ನೂ ಧ್ವನಿಯಲ್ಲಿ ಹಿಡಿಯಲೆತ್ನಿಸಿದ ಸಂಗೀತ, ಕೇವಲ ಒಂದು ಕಾಲದ ಉಡುಗೆ ತೊಡುಗೆಯಲ್ಲ, ಅದು ಧ್ವನಿಮುದ್ರಣದ ಒಂದು ಕಲೆ ಎಂಬುದನ್ನು ಈ ಎರಡು ಆಲ್ಬಮ್‌ಗಳಷ್ಟು ಸ್ಪಷ್ಟವಾಗಿ ತೋರಿಸಿಕೊಟ್ಟ ಕೃತಿಗಳು 1990ರ ದಶಕದಲ್ಲಿ ವಿರಳ.

ಆ ಕಲೆಯ ಮೂಲ ಸಾಧನ ಬಹುಪಥ ಟೇಪು. ಒಂದೇ ಟೇಪಿನ ಅಗಲವನ್ನು ಹಲವು ಸಮಾನಾಂತರ ಪಥಗಳಾಗಿ ವಿಂಗಡಿಸಿ, ಒಂದೊಂದರಲ್ಲಿ ಒಂದೊಂದು ವಾದ್ಯವನ್ನೋ ಕಂಠವನ್ನೋ ಬೇರೆ ಬೇರೆ ಹೊತ್ತಿನಲ್ಲಿ ಮುದ್ರಿಸಿ, ಕೊನೆಗೆ ಎಲ್ಲವನ್ನೂ ಕೂಡಿಸುವುದು ಇದರ ಕ್ರಮ. 1967ರಲ್ಲಿ ಬೀಟಲ್ಸ್ ತಂಡ ಲಂಡನ್ನಿನ ಅಬ್ಬೆ ರೋಡ್ ಸ್ಟುಡಿಯೊದಲ್ಲಿ 'ಸಾರ್ಜೆಂಟ್ ಪೆಪ್ಪರ್' ಆಲ್ಬಮ್ ಮುದ್ರಿಸಿದ್ದು ನಾಲ್ಕು ಪಥಗಳ ಯಂತ್ರಗಳಲ್ಲಿ. ನಾಲ್ಕೂ ತುಂಬಿದಾಗ ಅವುಗಳನ್ನು ಬೆರೆಸಿ ಇನ್ನೊಂದು ಯಂತ್ರದ ಒಂದೆರಡು ಪಥಗಳಿಗೆ ಇಳಿಸಿ, ಉಳಿದ ಪಥಗಳಲ್ಲಿ ಹೊಸ ಧ್ವನಿಗಳಿಗೆ ಎಡೆ ಮಾಡಿಕೊಳ್ಳಲಾಗುತ್ತಿತ್ತು. ಹನ್ನೆರಡು ವರ್ಷಗಳ ಬಳಿಕ, 1979ರಲ್ಲಿ, ಜಪಾನಿನ ಟಿಯಾಕ್ ಕಂಪನಿ ಪೋರ್ಟಾಸ್ಟುಡಿಯೊ ಎಂಬ ಯಂತ್ರವನ್ನು ಮಾರುಕಟ್ಟೆಗೆ ತಂದಿತು. ಸಾಮಾನ್ಯ ಕ್ಯಾಸೆಟ್ಟಿನ ಎರಡು ಮಗ್ಗುಲುಗಳಿಗೂ ಸೇರಿ ಇರುವ ನಾಲ್ಕು ಪಥಗಳನ್ನು ಅದು ಒಂದೇ ದಿಕ್ಕಿನಲ್ಲಿ ಬಳಸಿಕೊಳ್ಳುತ್ತಿತ್ತು. ಧ್ವನಿ ನಿಚ್ಚಳವಾಗಲೆಂದು ಟೇಪನ್ನು ಎರಡರಷ್ಟು ವೇಗದಲ್ಲಿ ಓಡಿಸುತ್ತಿತ್ತು. ಧ್ವನಿಯ ಗುಣಮಟ್ಟದಲ್ಲಿ ಅಬ್ಬೆ ರೋಡಿನ ಯಂತ್ರಕ್ಕೆ ಇದು ಸಾಟಿಯಲ್ಲ, ಮತ್ತು ಪಥಗಳನ್ನು ಇಳಿಸಿದಷ್ಟೂ ಟೇಪಿನ ಹಿಸ್ ಎಂಬ ಸದ್ದು ಹೆಚ್ಚುತ್ತಿತ್ತು. ಆದರೂ ಬೀಟಲ್ಸ್ ಬಳಸಿದ ವಿಧಾನವೇ ಈಗ ಮಲಗುವ ಕೋಣೆಯ ಮೇಜಿನ ಮೇಲೆ ಸಾಧ್ಯವಾಯಿತು ಎಂಬುದೇ ಇಲ್ಲಿ ಮುಖ್ಯವಾದ ಸಂಗತಿ.

ಲೂಸಿಯಾನ ರಾಜ್ಯದ ರಸ್ಟನ್ ಎಂಬ ಸಣ್ಣ ಕಾಲೇಜು ಪಟ್ಟಣದಲ್ಲಿ ಜೊತೆಯಾದ ವಿಲ್ ಕಲನ್ ಹಾರ್ಟ್, ಬಿಲ್ ಡಾಸ್, ಜೆಫ್ ಮ್ಯಾಂಗಮ್ ಮತ್ತು ರಾಬರ್ಟ್ ಶ್ನೈಡರ್ ಎಂಬ ಗೆಳೆಯರು ಇಂಥ ಯಂತ್ರಗಳಲ್ಲಿ ಹಾಡುಗಳನ್ನು ಮುದ್ರಿಸಿ, ಕ್ಯಾಸೆಟ್ಟುಗಳನ್ನು ತಮ್ಮತಮ್ಮಲ್ಲೇ ಹಂಚಿಕೊಳ್ಳುತ್ತಿದ್ದರು. ಅವರ ಮೊದಲ ಶ್ರೋತೃಗಳೂ ವಿಮರ್ಶಕರೂ ಅವರೇ. ಈ ವಿನಿಮಯವೇ ಮುಂದೆ 'ಎಲಿಫೆಂಟ್ 6 ರೆಕಾರ್ಡಿಂಗ್ ಕಂಪನಿ' ಎಂಬ ಹೆಸರು ತಳೆಯಿತು. ಅದು ಲೇಬಲ್ ಎನಿಸಿಕೊಂಡರೂ, ಅಂದರೆ ಧ್ವನಿಮುದ್ರಿಕೆಗಳನ್ನು ಪ್ರಕಟಿಸುವ ಸಂಸ್ಥೆ ಎನಿಸಿಕೊಂಡರೂ, ನಿಜದಲ್ಲಿ ಒಂದು ಗೆಳೆಯರ ಬಳಗವೇ ಆಗಿತ್ತು. ಅದರ ಲಾಂಛನವನ್ನು ಬರೆದವರು ಹಾರ್ಟ್. ಶ್ನೈಡರ್ ಕೊಲರಾಡೊದ ಡೆನ್ವರ್ ನಗರಕ್ಕೆ ಹೋಗಿ 'ದಿ ಆ್ಯಪಲ್ಸ್' ತಂಡವನ್ನು ಕಟ್ಟಿದರು. ಅದರ 1993ರ ಕಿರುಮುದ್ರಿಕೆಯೇ ಬಳಗದ ಮೊದಲ ಪ್ರಕಟಣೆ. ಉಳಿದವರು ಅಥೆನ್ಸ್ ಸೇರಿದರು. ಜಾರ್ಜಿಯಾ ವಿಶ್ವವಿದ್ಯಾಲಯದ ಊರಾದ ಅಥೆನ್ಸ್, ಆರ್.ಇ.ಎಂ. ಮತ್ತು ಬಿ-52ಸ್ ತಂಡಗಳ ಮೂಲಕ ಅದಾಗಲೇ ಹೆಸರು ಮಾಡಿತ್ತು. ಅಲ್ಲಿ ಸಿಂಥೆಟಿಕ್ ಫ್ಲೈಯಿಂಗ್ ಮಷೀನ್ ಎಂಬ ಹೆಸರಿನಲ್ಲಿದ್ದ ತಂಡವೇ ಒಲಿವಿಯಾ ಟ್ರೆಮರ್ ಕಂಟ್ರೋಲ್ ಆಗಿ ಮಾರ್ಪಟ್ಟು 1994ರಲ್ಲಿ ಮೊದಲ ಕಿರುಮುದ್ರಿಕೆ ತಂದಿತು. ಆಮೇಲೆ ಮ್ಯಾಂಗಮ್ ತಮ್ಮ ನ್ಯೂಟ್ರಲ್ ಮಿಲ್ಕ್ ಹೋಟೆಲ್ ತಂಡದ ಕಡೆಗೆ ತಿರುಗಿದರೆ, ಜಾನ್ ಫರ್ನಾಂಡಿಸ್, ಎರಿಕ್ ಹ್ಯಾರಿಸ್, ಪೀಟರ್ ಎರ್ಚಿಕ್ ಇತ್ತ ತಂಡವನ್ನು ಸೇರಿಕೊಂಡರು.

1996ರಲ್ಲಿ ಫ್ಲೈಡ್ಯಾಡಿ ಎಂಬ ಸಣ್ಣ ಲೇಬಲ್ ಪ್ರಕಟಿಸಿದ 'ಡಸ್ಕ್ ಅಟ್ ಕ್ಯೂಬಿಸ್ಟ್ ಕ್ಯಾಸಲ್' ಚಿತ್ರೀಕರಣವೇ ಆಗದ ಒಂದು ಚಲನಚಿತ್ರದ ಸಂಗೀತವೆಂಬ ಕಲ್ಪನೆಯ ಮೇಲೆ ನಿಂತಿದೆ. 27 ಭಾಗಗಳ ಈ ಆಲ್ಬಮ್ಮಿನ ಮೊದಲರ್ಧದಲ್ಲಿ ಡಾಸ್ ಅವರಿಗೆ ವಿಶೇಷವಾಗಿ ಒಲಿದಿದ್ದ, ಬೀಚ್ ಬಾಯ್ಸ್ ತಂಡವನ್ನು ನೆನಪಿಸುವ ಹಲವು ಕಂಠಗಳ ಇಂಪಾದ ಹಾಡುಗಳು ಒತ್ತಾಗಿ ಬರುತ್ತವೆ. ಅನಂತರ ಹತ್ತು ಭಾಗಗಳ 'ಗ್ರೀನ್ ಟೈಪ್‌ರೈಟರ್ಸ್' ಎಂಬ ಮಾಲಿಕೆಯಲ್ಲಿ ಹಾಡಿನ ಚೌಕಟ್ಟೇ ಕರಗಿ, ಸದ್ದುಗಳು, ದೀರ್ಘ ಅನುರಣನಗಳು, ತುಂಡು ರಾಗಗಳು ಅದರ ಜಾಗವನ್ನು ಹಿಡಿಯುತ್ತವೆ. ಇದರ ಹಿಂದೆ ಪ್ಯಾರಿಸ್ಸಿನ ಪಿಯೆರ್ ಶೆಫರ್ 1948ರಲ್ಲಿ ಆರಂಭಿಸಿದ 'ಮ್ಯೂಸಿಕ್ ಕಾಂಕ್ರೀಟ್' ಪದ್ಧತಿಯ, ಅಂದರೆ ರೈಲು, ಬಾಗಿಲು, ಮಾತು ಮುಂತಾದ ಮುದ್ರಿತ ಸದ್ದುಗಳನ್ನೇ ಕತ್ತರಿಸಿ ಜೋಡಿಸಿ ಸಂಗೀತ ರಚಿಸುವ ಪದ್ಧತಿಯ, ಪ್ರಭಾವ ಸ್ಪಷ್ಟವಾಗಿದೆ. ಇಂಪಾದ ಹಾಡನ್ನೂ ಪ್ರಯೋಗವನ್ನೂ ಬೇರೆ ಬೇರೆ ಕೋಣೆಗಳಲ್ಲಿ ಇಡದೆ, ಒಂದರಿಂದ ಇನ್ನೊಂದು ಹುಟ್ಟುವಂತೆ ಮಾಡಿರುವುದು ಈ ಆಲ್ಬಮ್ಮಿನ ದೊಡ್ಡ ಗುಣ. ಮೊದಲ ಪ್ರತಿಗಳೊಂದಿಗೆ ವಾದ್ಯಸಂಗೀತದ ಇನ್ನೊಂದು ಸಿ.ಡಿ.ಯೂ ಇತ್ತು, ಎರಡನ್ನೂ ಎರಡು ಯಂತ್ರಗಳಲ್ಲಿ ಏಕಕಾಲಕ್ಕೆ ನುಡಿಸಿದರೆ ಶ್ರೋತೃವಿನ ಸುತ್ತ ಮೂರನೆಯದೊಂದು ಕೃತಿ ರೂಪುಗೊಳ್ಳುತ್ತಿತ್ತು. ಎರಡು ಯಂತ್ರಗಳು ಪ್ರತಿ ಸಲವೂ ಕರಾರುವಾಕ್ಕಾಗಿ ಒಟ್ಟಿಗೆ ಹೊರಡಲಾರವಾದ್ದರಿಂದ ಆ ಮೂರನೆಯ ಕೃತಿ ಪ್ರತಿ ಮನೆಯಲ್ಲೂ ತುಸು ಬೇರೆಯಾಗಿಯೇ ಕೇಳಿಸಿರಬೇಕು.

ತಂಡ ಶ್ರೋತೃಗಳನ್ನು ಇನ್ನೂ ಹತ್ತಿರ ಕರೆದುಕೊಂಡಿತು. ತಾವು ಕಂಡ ಕನಸುಗಳನ್ನು ಹೇಳಿ, ಟೇಪಿನಲ್ಲಿ ಮುದ್ರಿಸಿ ಕಳುಹಿಸುವಂತೆ ಅದು ಕೇಳಿಕೊಂಡಿತ್ತು. ಹಾಗೆ ಬಂದ ದನಿಗಳು 1999ರ 'ಬ್ಲ್ಯಾಕ್ ಫೋಲಿಯೇಜ್' ಆಲ್ಬಮ್ಮಿನ ನೇಯ್ಗೆಯೊಳಗೆ ಸೇರಿಹೋದವು. ಇಲ್ಲಿ ಒಂದೇ ಮೂಲವಸ್ತು ಹಲವು ರೂಪಾಂತರಗಳಲ್ಲಿ ಮರಳಿ ಮರಳಿ ಕಾಣಿಸಿಕೊಳ್ಳುತ್ತದೆ, ಹಾಡಿನ ಮಧ್ಯದಲ್ಲೇ ಸದ್ದುಗಳ ಪದರಗಳು ನುಗ್ಗಿಬರುತ್ತವೆ, 'ದಿ ಬಾರ್ಕ್ ಅಂಡ್ ಬಿಲೋ ಇಟ್' ಎಂಬ ಭಾಗವಂತೂ ಸುಮಾರು ಹನ್ನೊಂದು ನಿಮಿಷಗಳ ಧ್ವನಿಜೋಡಣೆ. ಮೊದಲ ಸಲ ಕೇಳುವವರಿಗೆ ಇದು ಇಕ್ಕಟ್ಟೆನಿಸಬಹುದು. ಆದರೆ ಹಾರ್ಟ್ ಅವರ ಧ್ವನಿಕಲ್ಪನೆ ಅತ್ಯಂತ ಪೂರ್ಣವಾಗಿ ಪ್ರಕಟವಾಗಿರುವುದು ಇಲ್ಲಿಯೇ, ಮತ್ತು ಎರಡರಲ್ಲಿ ಇದೇ ಹೆಚ್ಚಿನ ಸಾಧನೆ ಎನ್ನಲು ಸಾಕಷ್ಟು ಆಧಾರವಿದೆ.

ಮರುವರ್ಷವೇ ತಂಡ ಒಡೆಯಿತು. ಹಾರ್ಟ್ ಸರ್ಕ್ಯುಲೇಟರಿ ಸಿಸ್ಟಮ್ ಎಂಬ ತಂಡವನ್ನೂ ಡಾಸ್ ಸನ್‌ಶೈನ್ ಫಿಕ್ಸ್ ಎಂಬ ತಂಡವನ್ನೂ ನಡೆಸಿದರು. ಬಳಗದ ಇನ್ನೊಬ್ಬ ಸ್ಥಾಪಕರಾದ ಶ್ನೈಡರ್ ಗಣಿತದತ್ತ ಹೊರಳಿ, ಪೂರ್ಣಾಂಕವೊಂದನ್ನು ಎಷ್ಟು ಬಗೆಯ ಮೊತ್ತಗಳಾಗಿ ಬಿಡಿಸಬಹುದೆಂದು ಪರಿಶೀಲಿಸುವ ವಿಭಜನಾ ಸಿದ್ಧಾಂತದಲ್ಲಿ 2018ರಲ್ಲಿ ಎಮೊರಿ ವಿಶ್ವವಿದ್ಯಾಲಯದಿಂದ ಡಾಕ್ಟರೇಟ್ ಪಡೆದರು. ಶ್ರೀನಿವಾಸ ರಾಮಾನುಜನ್ ಅವರ ಹೆಸರು ಬೆಸೆದುಕೊಂಡಿರುವ ಕ್ಷೇತ್ರ ಅದು. ಒಲಿವಿಯಾ ಟ್ರೆಮರ್ ಕಂಟ್ರೋಲ್ 2005ರಲ್ಲಿ ಮತ್ತೆ ವೇದಿಕೆಗೆ ಬಂದಿತು, 2011ರಲ್ಲಿ ಒಂದು ಹೊಸ ಹಾಡನ್ನೂ ಹೊರತಂದಿತು. ಮೂರನೆಯ ಆಲ್ಬಮ್ಮಿನ ಕೆಲಸ ಸಾಗಿದ್ದಾಗಲೇ, 2012ರ ಜುಲೈನಲ್ಲಿ, ಡಾಸ್ 43ನೆಯ ವಯಸ್ಸಿನಲ್ಲಿ ತೀರಿಕೊಂಡರು. ಬಹುಕಾಲ ಮಲ್ಟಿಪಲ್ ಸ್ಕ್ಲೆರೋಸಿಸ್ ಎಂಬ ನರರೋಗದೊಂದಿಗೆ ಬದುಕಿದ ಹಾರ್ಟ್ ಅವರು 53ನೆಯ ವಯಸ್ಸಿನಲ್ಲಿ 2024ರ ನವೆಂಬರ್ 29ರಂದು ನಿಧನರಾದರು. 2011ರ ಬಳಿಕ ತಂಡದ ಮೊದಲ ಹೊಸ ಹಾಡುಗಳಾದ 'ಗಾರ್ಡನ್ ಆಫ್ ಲೈಟ್' ಮತ್ತು 'ದಿ ಸೇಮ್ ಪ್ಲೇಸ್' ಅದೇ ದಿನ, ಎಲಿಫೆಂಟ್ 6 ಬಳಗವನ್ನು ಕುರಿತ ಸಾಕ್ಷ್ಯಚಿತ್ರದ ಸಂಗೀತದೊಡನೆ, ಬಿಡುಗಡೆಯಾದವು.