ಗಾಜಿನಾಚೆಯ ಬಿಸಿಲು

ತಪ್ಪು ನನ್ನದೇ. ಅದನ್ನು ಮೊದಲೇ ಹೇಳಿಬಿಡುತ್ತೇನೆ.

ನಮ್ಮ ಎದುರು ಫ್ಲ್ಯಾಟಿನ ಹುಡುಗ ಎಂಟನೇ ಕ್ಲಾಸಿನಲ್ಲಿದ್ದಾನೆ. ಅವನ ಹತ್ತಿರ ಒಂದು ಬಿಯರ್ಡೆಡ್ ಡ್ರ್ಯಾಗನ್ ಇದೆ. ಹೆಸರಿಗೆ ಡ್ರ್ಯಾಗನ್ನು ಅಷ್ಟೆ, ನೋಡಲಿಕ್ಕೆ ನಮ್ಮೂರಿನ ಬೇಲಿಯ ಮೇಲೆ ಕೂತು ತಲೆ ಆಡಿಸುವ ಓತಿಕ್ಯಾತದ ದೊಡ್ಡಪ್ಪನ ಮಗನ ಹಾಗಿದೆ. ಇದು ಬರೀ ತಮಾಷೆಯ ಮಾತಲ್ಲ. ಎರಡೂ ಅಗಾಮಿಡೇ ಅನ್ನುವ ಒಂದೇ ಕುಟುಂಬದವು. ತೇಜಸ್ವಿಯವರ 'ಕರ್ವಾಲೊ'ದಲ್ಲಿ ಎಲ್ಲರೂ ಹುಡುಕಿಕೊಂಡು ಹೊರಡುತ್ತಾರಲ್ಲ, ಆ ಹಾರುವ ಓತಿಯೂ ಇದೇ ಮನೆತನದ್ದು. ಗಂಟಲ ಕೆಳಗೆ ಮುಳ್ಳುಮುಳ್ಳು ಚರ್ಮ, ಸಿಟ್ಟು ಬಂದರೆ ಅದು ಉಬ್ಬಿ ಕಪ್ಪಾಗುತ್ತದೆ. ಅದಕ್ಕೇ ಗಡ್ಡದ ಹೆಸರು.

ಆ ಹುಡುಗ ಅದನ್ನು ದೊಡ್ಡ ಗಾಜಿನ ತೊಟ್ಟಿಯಲ್ಲಿಟ್ಟು, ತೊಟ್ಟಿಯನ್ನು ಹಾಲಿನ ಕಿಟಕಿಗೆ ಒತ್ತಿಸಿ ಇಟ್ಟಿದ್ದ. ಕಿಟಕಿ ಯಾವಾಗಲೂ ಮುಚ್ಚಿರುತ್ತದೆ, ಮುಂಬೈಯ ಧೂಳು ಗೊತ್ತಲ್ಲ. ದಿನಕ್ಕೆ ನಾಲ್ಕು ತಾಸು ಚೆನ್ನಾಗಿ ಬಿಸಿಲು ಬೀಳುವ ಜಾಗ. ಆದರೂ ಜನವರಿ ಹೊತ್ತಿಗೆ ಪ್ರಾಣಿಯ ಹಿಂಗಾಲು ನಡುಗತೊಡಗಿತು, ಹೊಟ್ಟೆ ಎಳೆದುಕೊಂಡು ನಡೆಯತೊಡಗಿತು. ಡಾಕ್ಟರು ನೋಡಿ, "ಎಲುಬು ಮೆತ್ತಗಾಗಿದೆ, ಇದಕ್ಕೆ ಬಿಸಿಲಿಲ್ಲ" ಅಂದರಂತೆ. ಹುಡುಗ ನನ್ನ ಹತ್ತಿರ ಬಂದು, "ಕಾಕಾ, ದಿನಾ ಬಿಸಿಲಲ್ಲೇ ಇರುತ್ತಲ್ಲ?" ಅಂತ ಕೇಳಿದ. ನನಗೇನು ಗೊತ್ತು? ಸೊಸೈಟಿಯ ಖಜಾಂಚಿಯಾದ್ದರಿಂದ ಟೆರೇಸಿನ ಬೀಗದ ಕೈ ನನ್ನ ಹತ್ತಿರ ಇತ್ತು. "ಕಿಟಕಿ ಬಿಸಿಲು ಸಾಲದು, ಮೇಲೆ ಇಡೋಣ ನಡೀ" ಅಂದೆ. ಭಾನುವಾರ ಹನ್ನೊಂದು ಗಂಟೆಗೆ ತೊಟ್ಟಿ ಸಮೇತ ಹೊತ್ತುಕೊಂಡು ಹೋಗಿ ಟೆರೇಸಿನ ನಡುವೆ ಇಟ್ಟು, ಚಹಾ ಕುಡಿಯಲು ಕೆಳಗೆ ಬಂದೆವು.

ಕಾಲು ತಾಸಿಗೆ ಹೋಗಿ ನೋಡಿದರೆ ಅದು ಬಾಯಿ ತೆರೆದುಕೊಂಡು ಮೂಲೆಯಲ್ಲಿ ಬಿದ್ದಿತ್ತು. ಗಾಜು ಮುಟ್ಟಲಾಗದಷ್ಟು ಬಿಸಿ. ಹುಡುಗ ಅಳುತ್ತಾ ಎತ್ತಿಕೊಂಡು ನೀರಿನ ಟ್ಯಾಂಕಿನ ನೆರಳಿಗೆ ಓಡಿದ. ಬದುಕಿತು. ಇನ್ನೂ ಹತ್ತು ನಿಮಿಷ ಆಗಿದ್ದರೆ ಬದುಕುತ್ತಿರಲಿಲ್ಲ.

ಗಾಜಿನೊಳಗೆ ಬಿಸಿಲಿಲ್ಲ, ಅದೇ ಗಾಜಿನೊಳಗೆ ಬಿಸಿಲು ಹೆಚ್ಚಾಗಿ ಸಾವು. ಇದೆಂಥ ಲೆಕ್ಕ? ಬಿ.ಕಾಂ. ಓದಿದವನ ತಲೆಗೆ ಇದು ಟ್ಯಾಲಿ ಆಗಲಿಲ್ಲ. ಅವತ್ತಿನಿಂದ ಓದಲು ಶುರು ಮಾಡಿದೆ. ಓದುತ್ತಾ ಹೋದಂತೆ ಗೊತ್ತಾಯಿತು, ಈ ಲೆಕ್ಕ ಬಿಡಿಸಲು ದೊಡ್ಡ ದೊಡ್ಡವರಿಗೇ ನೂರು ವರ್ಷ ಹಿಡಿದಿತ್ತು ಅಂತ.

ಕಥೆ ಮನುಷ್ಯರ ಮಕ್ಕಳಿಂದ ಶುರುವಾಗುತ್ತದೆ. ಕಾರ್ಖಾನೆಗಳ ಹೊಗೆ ಕವಿದ ಯುರೋಪಿನ ಊರುಗಳಲ್ಲಿ ಮಕ್ಕಳ ಕಾಲು ಬಿಲ್ಲಿನ ಹಾಗೆ ಬಾಗುತ್ತಿತ್ತು. ಅದೇ ರಿಕೆಟ್ಸ್. 1822ರಲ್ಲೇ ಸ್ನಿಯಾಡೆಟ್ಸ್ಕಿ ಎಂಬ ಪೋಲೆಂಡಿನ ವೈದ್ಯ, ವಾರ್ಸಾ ಪಟ್ಟಣದ ಮಕ್ಕಳಿಗೆ ಬರುವ ಈ ರೋಗ ಹಳ್ಳಿಯ ಮಕ್ಕಳಿಗೆ ಯಾಕಿಲ್ಲ ಎಂದು ನೋಡಿ, ಬಿಸಿಲಿಗೆ ಒಡ್ಡಿ ಎಂದು ಬರೆದಿದ್ದ. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. 1890ರಲ್ಲಿ ಥಿಯೋಬಾಲ್ಡ್ ಪಾಮ್ ಎಂಬ ಮಿಷನರಿ ಡಾಕ್ಟರು ಜಪಾನಿನಲ್ಲಿ ಕೆಲಸ ಮಾಡಿ ಇಂಗ್ಲೆಂಡಿಗೆ ವಾಪಸಾದಾಗ, ಅಲ್ಲಿ ಕಾಣದ ರೋಗ ಇಲ್ಲಿ ಬೀದಿಬೀದಿಯಲ್ಲಿದೆಯಲ್ಲ ಎಂದು ಬೇರೆ ಬೇರೆ ದೇಶಗಳ ಮಿಷನರಿಗಳಿಗೆ ಪತ್ರ ಬರೆದು ಮಾಹಿತಿ ಕೂಡಿಸಿದರು. ಬಿಸಿಲಿದ್ದ ಕಡೆ ರಿಕೆಟ್ಸ್ ಇಲ್ಲ. ಅದೂ ಮೂಲೆಗೆ ಹೋಯಿತು.

ಅದೇ ಹೊತ್ತಿಗೆ ಲಂಡನ್ ಮೃಗಾಲಯದಲ್ಲಿ ಸಿಂಹದ ಮರಿಗಳು ಎಲುಬು ಬಾಗಿ ಸಾಯುತ್ತಿದ್ದವು. 1880ರ ದಶಕದ ಕೊನೆಯಲ್ಲಿ ಬ್ಲ್ಯಾಂಡ್-ಸಟನ್ ಎಂಬ ಶಸ್ತ್ರವೈದ್ಯರು ಬರೀ ಮಾಂಸದ ಜೊತೆ ಪುಡಿ ಮಾಡಿದ ಎಲುಬು, ಹಾಲು, ಕಾಡ್ ಲಿವರ್ ಆಯಿಲ್ ಕೊಡಿಸಿ ಮರಿಗಳನ್ನು ಉಳಿಸಿದರು. ಹಾಗಾದರೆ ಮದ್ದು ಮೀನೆಣ್ಣೆಯೋ, ಬಿಸಿಲೋ? ಜಗಳ 1919ರವರೆಗೂ ನಡೆಯಿತು. ಆ ವರ್ಷ ಬರ್ಲಿನ್ನಿನಲ್ಲಿ ಹುಲ್ಡ್‌ಶಿನ್‌ಸ್ಕಿ ಎಂಬ ಮಕ್ಕಳ ವೈದ್ಯರು ರಿಕೆಟ್ಸ್ ಆದ ಮಕ್ಕಳಿಗೆ ಪಾದರಸದ ದೀಪದಿಂದ ನೇರಳಾತೀತ ಕಿರಣ ಕೊಟ್ಟರು. ಎಕ್ಸ್-ರೇಯಲ್ಲಿ ಎಲುಬು ಗಟ್ಟಿಯಾದದ್ದು ಕಂಡಿತು. ಮಜಾ ಏನೆಂದರೆ ಬೆಳಕು ಒಂದು ಕೈಗೆ ಬಿದ್ದರೂ ಇನ್ನೊಂದು ಕೈಯೂ ವಾಸಿಯಾಗುತ್ತಿತ್ತು. ಅಂದರೆ ಚರ್ಮದಲ್ಲಿ ಏನೋ ತಯಾರಾಗಿ ರಕ್ತದಲ್ಲಿ ಓಡುತ್ತಿದೆ. ಅದೇ ಏನೋ ಮೀನೆಣ್ಣೆಯಲ್ಲೂ ಇದೆ. 1922ರಲ್ಲಿ ಅಮೆರಿಕದ ಮೆಕಾಲಮ್ ಅದಕ್ಕೆ ವಿಟಮಿನ್ ಡಿ ಎಂದು ಹೆಸರಿಟ್ಟರು.

ನಮಗೆ ಹತ್ತಿರದ್ದೂ ಒಂದಿದೆ. ಅದೇ 1922ರಲ್ಲಿ ಹಚಿಸನ್ ಮತ್ತು ಶಾ ಎಂಬಿಬ್ಬರು ನಮ್ಮ ನಾಸಿಕದಲ್ಲಿ ರಿಕೆಟ್ಸ್ ಬಗ್ಗೆ ಮಾಡಿದ ಅಧ್ಯಯನ ಪ್ರಕಟಿಸಿದರು. ಹೊಟ್ಟೆಗೆ ಸರಿಯಾಗಿಲ್ಲದ, ಆದರೆ ಹೊಲದಲ್ಲಿ ದುಡಿಯುವ ಬಡವರಲ್ಲಿ ರೋಗ ಕಡಿಮೆ. ಹಾಲು ತುಪ್ಪ ಉಂಡು ಪರದೆಯೊಳಗೆ ಕೂರುವ ಸ್ಥಿತಿವಂತರ ಮನೆಗಳಲ್ಲೇ ಜಾಸ್ತಿ! ಅದನ್ನು ಓದಿದಾಗ ಎದುರು ಮನೆಯ ಗಾಜಿನ ತೊಟ್ಟಿಯೇ ಕಣ್ಣಮುಂದೆ ಬಂತು. ಅದಕ್ಕೂ ಹೊಟ್ಟೆಗೆ ಏನೂ ಕಮ್ಮಿ ಇರಲಿಲ್ಲ.

ಈಗ ಗಾಜಿನ ವಿಷಯ. ಎಲುಬಿಗೆ ಬೇಕಾದ ಕಿರಣ ಬಿಸಿಲಿನಲ್ಲಿ ಒಂದು ಸಣ್ಣ ಪಾಲು, ಸುಮಾರು 290ರಿಂದ 315 ನ್ಯಾನೋಮೀಟರಿನದು. ಅದನ್ನು ಯುವಿಬಿ ಅನ್ನುತ್ತಾರೆ. ಸಾಮಾನ್ಯ ಕಿಟಕಿ ಗಾಜು ಬೆಳಕನ್ನು ಬಿಡುತ್ತದೆ, ಬಿಸಿಯನ್ನು ಬಿಡುತ್ತದೆ, ಈ ಪಾಲನ್ನು ಮಾತ್ರ ಬಾಗಿಲಲ್ಲೇ ತಡೆಯುತ್ತದೆ. ಕಣ್ಣಿಗೆ ಪೂರಾ ಬಿಸಿಲು, ಮೈಗೆ ಅಸಲಿ ಬಿಸಿಲು ಸೊನ್ನೆ. ಚೆಕ್ಕು ನೋಡಲು ಚೆನ್ನಾಗಿದೆ, ಖಾತೆಯಲ್ಲಿ ದುಡ್ಡಿಲ್ಲ. 1920ರ ದಶಕದ ನಡುವೆ ಇಂಗ್ಲೆಂಡಿನ ಚಾನ್ಸ್ ಬ್ರದರ್ಸ್ ಕಂಪನಿಯವರು ಈ ಕಿರಣವನ್ನೂ ಒಳಬಿಡುವ 'ವೀಟಾ ಗ್ಲಾಸ್' ತಯಾರಿಸಿದರು.

ಈ ಕಥೆಯಲ್ಲಿ ನನಗೆ ಬಹಳ ಹಿಡಿಸಿದವಳು ಇಲ್ಲಿ ಬರುತ್ತಾಳೆ. ಜೋನ್ ಬೋಚಂಪ್ ಪ್ರಾಕ್ಟರ್. ಹುಟ್ಟಿದ್ದು 1897, ಲಂಡನ್ನಿನಲ್ಲಿ. ಬೇರೆ ಹುಡುಗಿಯರು ಬೊಂಬೆ ಆಡುವ ವಯಸ್ಸಿನಲ್ಲಿ ಹಲ್ಲಿ ಓತಿಗಳನ್ನು ಸಾಕಿದವಳು. ಹದಿನಾರನೇ ವಯಸ್ಸಿಗೆ ಮೊಸಳೆ ಮರಿ ತಂದುಕೊಂಡು ಅದನ್ನು ಶಾಲೆಗೂ ಒಯ್ದಿದ್ದಳಂತೆ. ಹೊಟ್ಟೆಯ ಕಾಯಿಲೆ ಚಿಕ್ಕಂದಿನಿಂದ ಕಾಡಿತ್ತು, ಅದರಿಂದಲೇ ಕೇಂಬ್ರಿಜ್‌ಗೆ ಹೋಗಲಾಗಲಿಲ್ಲ. ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿ ಸರೀಸೃಪಗಳ ಪಂಡಿತ ಬೌಲೆಂಜರ್ ಕೈಕೆಳಗೆ ಕೆಲಸ ಕಲಿತಳು. 1923ರಲ್ಲಿ ಲಂಡನ್ ಮೃಗಾಲಯದ ಸರೀಸೃಪ ವಿಭಾಗಕ್ಕೆ ಮುಖ್ಯಸ್ಥೆಯಾದಳು. ಡಿಗ್ರಿ ಇಲ್ಲದ, ಮೂವತ್ತು ತುಂಬದ ಹೆಂಗಸಿಗೆ ಆ ಕಾಲದಲ್ಲಿ ಆ ಕುರ್ಚಿ! ನಮ್ಮ ಪ್ರಮೋಷನ್ ಕಮಿಟಿಗಳು ನೆನಪಾದವು, ಇರಲಿ ಬಿಡಿ.

ಜಗತ್ತಿನ ಮೊದಲ ಸಾರ್ವಜನಿಕ ಹಾವು-ಹಲ್ಲಿಗಳ ಮನೆ 1849ರಲ್ಲಿ ಅಲ್ಲೇ ತೆರೆದದ್ದು. ಜನ ನೋಡಲು ಕಟ್ಟಿದ್ದು ಅದು. 1927ರಲ್ಲಿ ತೆರೆದ ಹೊಸ ಮನೆಗೆ ಪ್ರಾಕ್ಟರ್ ನಕ್ಷೆ ಹಾಕಿದಾಗ ಪ್ರಾಣಿಗೆ ಏನು ಬೇಕು ಎಂದು ಯೋಚಿಸಿ ಹಾಕಿದಳು. ಇಡೀ ಕೋಣೆ ಒಂದೇ ಸಮ ಬಿಸಿ ಮಾಡುವ ಬದಲು, ಒಂದು ಮೂಲೆ ಬಿಸಿ, ಒಂದು ಮೂಲೆ ತಂಪು ಇರುವಂತೆ ವಿದ್ಯುತ್ತಿನ ವ್ಯವಸ್ಥೆ. ನೋಡುವವರು ನಿಲ್ಲುವ ಕಡೆ ಮಬ್ಬು, ಪ್ರಾಣಿಗಳ ಕಡೆ ಬೆಳಕು. ಮೇಲಿನಿಂದ ನೇರಳಾತೀತ ಕಿರಣ ಬಿಡುವ ವಿಶೇಷ ಗಾಜು. ಬಿಸಿಲಿನಿಂದ ನೆರಳಿಗೆ, ನೆರಳಿನಿಂದ ಬಿಸಿಲಿಗೆ ಓಡಾಡುವ ಹಕ್ಕನ್ನು ಅವಳು ಗೋಡೆಯೊಳಗೇ ಕಟ್ಟಿಸಿದ್ದಳು.

ಅದೇ 1927ರಲ್ಲಿ ಆಗಿನ ಡಚ್ ಈಸ್ಟ್ ಇಂಡೀಸ್‌ನಿಂದ ಎರಡು ಕೊಮೊಡೊ ಡ್ರ್ಯಾಗನ್ ಬಂದವು. ಜಗತ್ತಿನ ಅತಿ ದೊಡ್ಡ ಉಡ. ವಿಜ್ಞಾನಕ್ಕೆ ಪರಿಚಯವಾಗಿಯೇ ಹದಿನೈದು ವರ್ಷ ಆಗಿತ್ತಷ್ಟೆ. ಒಂದರ ಹೆಸರು ಸುಂಬಾವಾ. ಪ್ರಾಕ್ಟರ್ ಅದಕ್ಕೆ ಕೈಯಾರೆ ಮೊಟ್ಟೆ, ಕೋಳಿ ತಿನ್ನಿಸಿ ಎಷ್ಟು ಪಳಗಿಸಿದಳೆಂದರೆ, ಅದನ್ನು ಮೃಗಾಲಯದಲ್ಲಿ ಹೊರಗೆ ತಿರುಗಾಡಿಸುತ್ತಿದ್ದಳು. ಅಂಥ ಗಾಜು ಹಾಕಿಸಿದವಳೇ ಪ್ರಾಣಿಯನ್ನು ಹೊರಗೂ ಕರೆದೊಯ್ದಳು, ಪಕ್ಕದಲ್ಲಿ ತಾನೇ ನಡೆಯುತ್ತಾ. ತೊಟ್ಟಿ ಇಟ್ಟು ಚಹಾ ಕುಡಿಯಲು ಹೋದವನಿಗೆ ಇದು ನಾಟಿತು. 1928ರ ಅಕ್ಟೋಬರ್ 23ರಂದು ಜುವಾಲಜಿಕಲ್ ಸೊಸೈಟಿಯ ಸಭೆಗೂ ಅದನ್ನು ಕರೆತಂದಳು. ಅವಳು ವಿಷಯ ಮಂಡಿಸಿದರೆ ಅದು ಅಲ್ಲೇ ಊಟ ಮಾಡಿ ಓಡಾಡಿಕೊಂಡಿತ್ತು.

1931ರಲ್ಲಿ ಷಿಕಾಗೊ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟಿತು. ಅದೇ ವರ್ಷ ಸೆಪ್ಟೆಂಬರಿನಲ್ಲಿ ತೀರಿಕೊಂಡಳು. ವಯಸ್ಸು 34. ಆ ಮನೆಯಲ್ಲಿ ಎಷ್ಟೋ ಪ್ರಾಣಿಗಳ ಆರೋಗ್ಯ ಕಾಪಾಡಿದವಳಿಗೆ ತನ್ನದು ದಕ್ಕಲಿಲ್ಲ.

ನೆರಳಿನ ಲೆಕ್ಕ ಪೂರ್ತಿ ಆದದ್ದು 1944ರಲ್ಲಿ. ಕ್ಯಾಲಿಫೋರ್ನಿಯಾದ ಮರುಭೂಮಿಯಲ್ಲಿ ಕೌಲ್ಸ್ ಮತ್ತು ಬೋಗರ್ಟ್ ಇಬ್ಬರೂ ಹಾವು ಹಲ್ಲಿಗಳ ಮೈ ಉಷ್ಣತೆ ಅಳೆದು ತೋರಿಸಿದರು, ಅವು ಬಿಸಿಲು ನೆರಳು ಬದಲಾಯಿಸುತ್ತಾ ಮೈ ಬಿಸಿಯನ್ನು ಒಂದು ಮಟ್ಟದಲ್ಲಿ ಹಿಡಿದಿಡುತ್ತವೆ ಅಂತ. ಮರುಭೂಮಿಯ ಪ್ರಾಣಿಯಾದರೂ ನೆರಳಿಗೆ ಓಡಲಾಗದಿದ್ದರೆ ಸ್ವಲ್ಪ ಹೊತ್ತಿಗೇ ಸಾಯುತ್ತದೆ. ನಾನು ಟೆರೇಸಿನಲ್ಲಿ ಮಾಡಿದ ಪ್ರಯೋಗವೂ ಅದೇ. ಗಾಜಿನ ತೊಟ್ಟಿಯಲ್ಲಿ ಬಿಸಿ ಒಳಗೇ ಸಿಕ್ಕಿಹಾಕಿಕೊಂಡು ಏರುತ್ತದೆ, ಓಡಲಿಕ್ಕೆ ಜಾಗವಿಲ್ಲ.

ಬಿಯರ್ಡೆಡ್ ಡ್ರ್ಯಾಗನ್ ಮೂಲ ಆಸ್ಟ್ರೇಲಿಯಾದ ಒಳನಾಡಿನ ಒಣ ಬಯಲು. ಅಲ್ಲಿ ಬೇಲಿ ಕಂಬದ ಮೇಲೆ ಕೂತು ಮೈ ಕಪ್ಪಗೆ ಮಾಡಿಕೊಂಡು ಬಿಸಿಲು ಹೀರುತ್ತದೆ. ಆ ದೇಶ 1960ರ ದಶಕದಿಂದ ಕಾಡುಪ್ರಾಣಿಗಳನ್ನು ವ್ಯಾಪಾರಕ್ಕೆ ಹೊರಗೆ ಕಳಿಸುವುದಿಲ್ಲ. ಹಾಗಾಗಿ ಹೊರದೇಶದ ಅಂಗಡಿಗಳಲ್ಲಿ ಸಿಗುವವು ತಲೆಮಾರುಗಳಿಂದ ಡಬ್ಬಿಯಲ್ಲೇ ಹುಟ್ಟಿ ಬೆಳೆದವು. ಊರು ನೋಡದೆ ಊರಿನ ಅಭ್ಯಾಸ ಮಾತ್ರ ಉಳಿಸಿಕೊಂಡವು... ನಮ್ಮ ಮುಂಬೈ ಕನ್ನಡಿಗರ ಮಕ್ಕಳ ಹಾಗೆ.

ಇತ್ತೀಚಿನ ಕೆಲಸವೂ ಉಪಯೋಗಕ್ಕೆ ಬಂತು. 2010ರಲ್ಲಿ ಫರ್ಗ್ಯುಸನ್ ಮತ್ತು ಜೊತೆಯವರು ಕಾಡಿನಲ್ಲಿರುವ ಹಲ್ಲಿ ಹಾವುಗಳು ನಿಜವಾಗಿ ಎಷ್ಟು ಯುವಿ ಪಡೆಯುತ್ತವೆ ಎಂದು ಅಳೆದು ನಾಲ್ಕು ವರ್ಗ ಮಾಡಿದರು. ಬಿಯರ್ಡೆಡ್ ಡ್ರ್ಯಾಗನ್ನನ್ನು ಮೂರನೆಯದರಲ್ಲಿ ಸೇರಿಸುತ್ತಾರೆ. ಸರಾಸರಿ ಯುವಿ ಇಂಡೆಕ್ಸ್ 1ರಿಂದ 2.6, ಗರಿಷ್ಠ ಸುಮಾರು 7. ಮುಂಬೈಯಲ್ಲಿ ಬೇಸಿಗೆಯ ನಡುಮಧ್ಯಾಹ್ನ ಅದು 10 ದಾಟುತ್ತದೆ. ಇತ್ತ, ನಮ್ಮಜ್ಜಿ ಕೂಸಿಗೆ ಎಣ್ಣೆ ಹಚ್ಚಿ ಹಿಡಿಯುತ್ತಿದ್ದ ಏಳು ಗಂಟೆಯ ಎಳೆಬಿಸಿಲಿನಲ್ಲಿ ಯುವಿಬಿ ಹೆಚ್ಚೂಕಮ್ಮಿ ಇರುವುದೇ ಇಲ್ಲ. ಅಜ್ಜಿಯ ಮೇಲೆ ಗೌರವವಿಟ್ಟುಕೊಂಡೇ ಹೇಳುತ್ತಿದ್ದೇನೆ.

ಹಾಗಾಗಿ ನಾವು ಬೆಳಿಗ್ಗೆ ಒಂಬತ್ತೂವರೆಗೆ ಹೋಗುತ್ತೇವೆ. ಗಾಜಿಲ್ಲ. ಹುಡುಗನ ಅಪ್ಪ ಮರದ ಚೌಕಟ್ಟಿಗೆ ತಂತಿ ಬಲೆ ಬಡಿದು ಗೂಡು ಮಾಡಿದ್ದಾರೆ, ಮೇಲೂ ಬಲೆ, ಯಾಕೆಂದರೆ ಹದ್ದು ಕಾಗೆಗಳ ಕಣ್ಣು ಸದಾ ನಮ್ಮ ಟೆರೇಸಿನ ಮೇಲೆ. ಅರ್ಧಕ್ಕೆ ಗೋಣಿ ಹೊದೆಸಿ ನೆರಳು, ಕೆಳಗೆ ಸಿಮೆಂಟು ಸುಡದ ಹಾಗೆ ಚಾಪೆ, ಒಂದು ಬಟ್ಟಲು ನೀರು. ಮೊದಲ ವಾರ ಹತ್ತೇ ನಿಮಿಷ, ಈಗ ಅರ್ಧ ಗಂಟೆ. ಬಾಯಿ ತೆರೆದು ನೆರಳಿಗೆ ಹೋಗದೆ ಕೂತರೆ ಕೂಡಲೇ ಎತ್ತಿ ಒಳಗೆ. ಮಳೆಗಾಲಕ್ಕೆ ಡಾಕ್ಟರು ಹೇಳಿದ ಯುವಿಬಿ ಟ್ಯೂಬು ತಂದಿದ್ದಾರೆ, ಕ್ಯಾಲ್ಸಿಯಂ ಪುಡಿಯೂ ನಡೆದಿದೆ. ಒಬ್ಬರಾದರೂ ಪಕ್ಕದಲ್ಲಿ ಕೂತಿರಲೇಬೇಕು. ಹೆಚ್ಚಾಗಿ ಅದು ನಾನೇ, ಭಾನುವಾರದ ಪೇಪರು ಹಿಡಿದುಕೊಂಡು.

ಕಾಲಿನ ನಡುಕ ನಿಂತಿದೆ. ಬಾಗಿದ ಎಲುಬು ಪೂರ್ತಿ ನೇರವಾಗುವುದಿಲ್ಲವಂತೆ, ಕುಂಟು ಹಾಗೇ ಉಳಿಯುತ್ತದೆ. ಕಳೆದ ವಾರ ಸೆಕ್ರೆಟರಿಯವರು ಮೇಲೆ ಬಂದು ಗೂಡನ್ನು ಒಂದು ಸುತ್ತು ಹಾಕಿ, ಟೆರೇಸನ್ನು ಖಾಸಗಿ ಕೆಲಸಕ್ಕೆ ಬಳಸಲು ಸೊಸೈಟಿ ನಿಯಮದಲ್ಲಿ ಅವಕಾಶವಿದೆಯೇ ಎಂದು ಕೇಳಿದರು. ನಿಯಮ ಪುಸ್ತಕ ನನ್ನ ಹತ್ತಿರವೇ ಇದೆ. ಹುಡುಕುತ್ತಿದ್ದೇನೆ, ನಿಧಾನವಾಗಿ.