ಒಪ್ಪಂದದ ಹೊರಗುಳಿದ ತೆರಿಗೆ: ಅಮೆರಿಕದ ರಾಜ್ಯ ರಿಟರ್ನು ಮತ್ತು ಊರಿನ ಆದಾಯ

ಭಾರತ ಮತ್ತು ಅಮೆರಿಕದ ನಡುವಿನ ಇಮ್ಮಡಿ ತೆರಿಗೆ ನಿವಾರಣಾ ಒಪ್ಪಂದಕ್ಕೆ ಸಹಿ ಬಿದ್ದದ್ದು 1989ರ ಸೆಪ್ಟೆಂಬರ್‌ನಲ್ಲಿ. ಅದು ಜಾರಿಗೆ ಬಂದದ್ದು 1990ರ ಡಿಸೆಂಬರ್‌ನಲ್ಲಿ. ಅಲ್ಲಿ ನೆಲೆಸಿದ ಕನ್ನಡಿಗರಲ್ಲಿ ಈ ಒಪ್ಪಂದದ ಬಗ್ಗೆ ಒಂದು ನಂಬಿಕೆ ಬೇರೂರಿದೆ. ಊರಿನ ಆದಾಯಕ್ಕೆ ಊರಿನಲ್ಲೇ ತೆರಿಗೆ ಕಟ್ಟಿದ್ದರೆ ಅಮೆರಿಕದಲ್ಲಿ ಅದು ವಜಾ ಆಗುತ್ತದೆ, ಲೆಕ್ಕ ಚುಕ್ತಾ, ಎಂಬುದು ಆ ನಂಬಿಕೆ. ಒಪ್ಪಂದದ 2ನೇ ವಿಧಿಯನ್ನು ಓದಿದರೆ ಇದು ಅರ್ಧ ಮಾತ್ರ ನಿಜ ಎಂದು ಗೊತ್ತಾಗುತ್ತದೆ. ಅಮೆರಿಕದ ಕಡೆಯಿಂದ ಆ ವಿಧಿ ಹೆಸರಿಸುವುದು ಫೆಡರಲ್ ಸರ್ಕಾರದ ತೆರಿಗೆಗಳನ್ನು ಮಾತ್ರ. ಕ್ಯಾಲಿಫೋರ್ನಿಯಾ, ನ್ಯೂಜೆರ್ಸಿ, ನ್ಯೂಯಾರ್ಕ್ ರಾಜ್ಯಗಳು ಹಾಕುವ ಆದಾಯ ತೆರಿಗೆ ಅದರಲ್ಲಿ ಸೇರಿಲ್ಲ. ರಾಜ್ಯದ ರಿಟರ್ನು ತುಂಬುವಾಗ ಆಗುವ ದುಬಾರಿ ತಪ್ಪುಗಳಿಗೆ ಮೂಲ ಇಲ್ಲಿದೆ ಎಂಬುದು ಈ ಟಿಪ್ಪಣಿಯ ವಾದ.

ನಮ್ಮವರಿಗೆ ಇದು ಹೊಳೆಯದಿರುವುದಕ್ಕೆ ಕಾರಣವೂ ಉಂಟು. ನಮ್ಮ ಸಂವಿಧಾನದ ಏಳನೇ ಅನುಸೂಚಿ ಆದಾಯವನ್ನು ಮೊದಲೇ ಪಾಲು ಮಾಡಿಟ್ಟಿದೆ. ಕೃಷಿ ಆದಾಯದ ಮೇಲಿನ ತೆರಿಗೆ ರಾಜ್ಯಕ್ಕೆ, ಉಳಿದ ಆದಾಯದ್ದು ಕೇಂದ್ರಕ್ಕೆ. ಸಂಬಳದ ಚೀಟಿಯಲ್ಲಿ ಕರ್ನಾಟಕ ಸರ್ಕಾರದ ಪಾಲು ಎಂದು ಕಾಣುವುದು ವೃತ್ತಿ ತೆರಿಗೆ ಒಂದೇ. ಅದಕ್ಕೂ ಸಂವಿಧಾನದ 276ನೇ ವಿಧಿ ವರ್ಷಕ್ಕೆ 2,500 ರೂಪಾಯಿಯ ಮಿತಿ ಹಾಕಿದೆ. ಒಂದೇ ಆದಾಯದ ಮೇಲೆ ಎರಡು ಸರ್ಕಾರಗಳು ತಮ್ಮ ತಮ್ಮ ಕಾಯ್ದೆಯ ಪ್ರಕಾರ ಬೇರೆ ಬೇರೆಯಾಗಿ ತೆರಿಗೆ ಹಾಕುವುದು ನಮಗೆ ರೂಢಿಯಿಲ್ಲ.

ಅಮೆರಿಕದಲ್ಲಿ ರಾಜ್ಯಗಳ ತೆರಿಗೆ ಫೆಡರಲ್ ತೆರಿಗೆಯ ಬಾಲವಾಗಿ ಹುಟ್ಟಿದ್ದಲ್ಲ. ವಿಸ್ಕಾನ್ಸಿನ್ ರಾಜ್ಯ ಆಧುನಿಕ ರೀತಿಯ ಆದಾಯ ತೆರಿಗೆ ತಂದದ್ದು 1911ರಲ್ಲಿ. ಫೆಡರಲ್ ಸರ್ಕಾರಕ್ಕೆ ಆ ಅಧಿಕಾರ ಕೊಟ್ಟ 16ನೇ ತಿದ್ದುಪಡಿ ಅಂಗೀಕಾರವಾದದ್ದು ಎರಡು ವರ್ಷ ತಡವಾಗಿ, 1913ರಲ್ಲಿ. ನ್ಯೂಯಾರ್ಕ್ 1919ರಲ್ಲಿ, ಕ್ಯಾಲಿಫೋರ್ನಿಯಾ 1935ರಲ್ಲಿ, ನ್ಯೂಜೆರ್ಸಿ 1976ರಲ್ಲಿ ತಮ್ಮ ಆದಾಯ ತೆರಿಗೆ ತಂದವು. ಅಂತರರಾಷ್ಟ್ರೀಯ ಒಪ್ಪಂದದ ಮೂಲಕ ರಾಜ್ಯಗಳ ಕೈ ಕಟ್ಟಲು ಸಾಧ್ಯವೇ ಇಲ್ಲವೆಂದಲ್ಲ, ರಾಜಕೀಯವಾಗಿ ಅದು ಕಷ್ಟ. 1975ರ ಬ್ರಿಟನ್–ಅಮೆರಿಕ ತೆರಿಗೆ ಒಪ್ಪಂದದಲ್ಲಿ ಅಂಥದ್ದೊಂದು ಷರತ್ತು ಇತ್ತು. ಬಹುರಾಷ್ಟ್ರೀಯ ಕಂಪನಿಗಳ ಜಾಗತಿಕ ಲಾಭವನ್ನು ಒಟ್ಟುಗೂಡಿಸಿ ತಮ್ಮ ಪಾಲಿನ ತೆರಿಗೆ ಲೆಕ್ಕ ಹಾಕುವ ಕ್ಯಾಲಿಫೋರ್ನಿಯಾದಂಥ ರಾಜ್ಯಗಳಿಗೆ ಕಡಿವಾಣ ಹಾಕುವುದು ಅದರ ಉದ್ದೇಶ. 1978ರಲ್ಲಿ ಅಮೆರಿಕದ ಸೆನೆಟ್ ಆ ಷರತ್ತನ್ನು ಬಿಟ್ಟೇ ಒಪ್ಪಂದಕ್ಕೆ ಸಮ್ಮತಿ ಕೊಟ್ಟಿತು. ಹನ್ನೊಂದು ವರ್ಷದ ನಂತರ ಭಾರತದೊಂದಿಗೆ ಆದ ಒಪ್ಪಂದದ 2ನೇ ವಿಧಿಯನ್ನು ಈ ಹಿನ್ನೆಲೆಯಲ್ಲಿ ಓದಬೇಕು.

ನ್ಯಾಯಾಲಯದ ಮೆಟ್ಟಿಲು ಹತ್ತಿದವರಿಗೂ ಹೆಚ್ಚು ಸಿಕ್ಕಿಲ್ಲ. 2015ರ ವಿನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 5–4ರ ಬಹುಮತದಿಂದ ಮೇರಿಲ್ಯಾಂಡ್ ರಾಜ್ಯದ ವಿರುದ್ಧ ತೀರ್ಪು ಕೊಟ್ಟಿತು. ತನ್ನ ನಿವಾಸಿ ಬೇರೆ ರಾಜ್ಯಗಳಲ್ಲಿ ಕಟ್ಟಿದ ತೆರಿಗೆಗೆ ಪೂರ್ತಿ ರಿಯಾಯಿತಿ ಕೊಡದ ಅದರ ವ್ಯವಸ್ಥೆ ಅಂತರರಾಜ್ಯ ವಾಣಿಜ್ಯದ ವಿರುದ್ಧ ಪಕ್ಷಪಾತ ಮಾಡುತ್ತದೆ ಎಂಬುದು ಅದರ ಸಾರ. ಹಾಗಿದ್ದರೆ ಬೇರೆ ದೇಶದಲ್ಲಿ ಕಟ್ಟಿದ ತೆರಿಗೆಗೂ ಅದೇ ನ್ಯಾಯ ಅನ್ವಯಿಸಬೇಕಲ್ಲವೇ? ಈ ಪ್ರಶ್ನೆ ಯೂಟಾ ರಾಜ್ಯದ ಸ್ಟೈನರ್ ಪ್ರಕರಣದಲ್ಲಿ ಎದ್ದಿತು. ಅಂಥ ರಿಯಾಯಿತಿ ಕೊಡಲೇಬೇಕೆಂಬ ಸಂವಿಧಾನದ ಕಟ್ಟಳೆ ಇಲ್ಲವೆಂದು ಆ ರಾಜ್ಯದ ಸರ್ವೋಚ್ಚ ನ್ಯಾಯಾಲಯ 2019ರಲ್ಲಿ ಹೇಳಿತು. ಮರುವರ್ಷ ಅಮೆರಿಕದ ಸುಪ್ರೀಂ ಕೋರ್ಟು ಮೇಲ್ಮನವಿಯನ್ನು ಕೈಗೆತ್ತಿಕೊಳ್ಳಲಿಲ್ಲ. ವಿನ್ ತೀರ್ಪಿನ ತರ್ಕವನ್ನು ದೇಶದ ಗಡಿಯಲ್ಲೇ ನಿಲ್ಲಿಸಿದ್ದು ನನಗೆ ಅಷ್ಟು ಸಮಂಜಸವೆಂದು ತೋರುವುದಿಲ್ಲ. ಆದರೆ ರಿಟರ್ನು ತುಂಬುವವರು ಇರುವ ಕಾನೂನಿನ ಪ್ರಕಾರ ತುಂಬಬೇಕು.

ಹೀಗಾಗಿ ಪ್ರತಿ ರಾಜ್ಯ ತನ್ನದೇ ದಾರಿ ಹಿಡಿದಿದೆ. ಕ್ಯಾಲಿಫೋರ್ನಿಯಾ ಮತ್ತು ನ್ಯೂಜೆರ್ಸಿ ವಿದೇಶಿ ತೆರಿಗೆಗೆ ರಿಯಾಯಿತಿ ಕೊಡುವುದಿಲ್ಲ. ನ್ಯೂಯಾರ್ಕ್ ಕೆನಡಾದ ಪ್ರಾಂತಗಳಿಗೆ ಕಟ್ಟಿದ ತೆರಿಗೆಯನ್ನು ಮಾನ್ಯ ಮಾಡುತ್ತದೆ, ಭಾರತಕ್ಕೆ ಕಟ್ಟಿದ್ದನ್ನು ಮಾಡುವುದಿಲ್ಲ. ಪೆನ್ಸಿಲ್ವೇನಿಯಾ ಮುಂಚೆ ಕೊಡುತ್ತಿತ್ತು, 2014ರ ತೆರಿಗೆ ವರ್ಷದಿಂದ ನಿಲ್ಲಿಸಿತು. ಆದರೆ ಅರಿಜೋನಾ ಮತ್ತು ನಾರ್ತ್ ಕ್ಯಾರೊಲೈನಾಗಳ ಫಾರ್ಮುಗಳಲ್ಲಿ ‘ಬೇರೆ ರಾಜ್ಯ ಅಥವಾ ದೇಶ’ ಎಂದೇ ಇದೆ. ರಾಲಿ, ಕ್ಯಾರಿ ಕಡೆಯ ಕನ್ನಡಿಗರು ಇದನ್ನು ಓದಿ ಹಿಗ್ಗುವ ಮುನ್ನ ಒಂದು ಮಾತು ತಿಳಿದಿರಲಿ: ಫೆಡರಲ್ ರಿಟರ್ನಿನಲ್ಲಿ ಬಳಸಿ ಮುಗಿದ ಮೊತ್ತವನ್ನು ನಾರ್ತ್ ಕ್ಯಾರೊಲೈನಾದಲ್ಲಿ ಮತ್ತೆ ಬಳಸುವಂತಿಲ್ಲ. ಉಳಿದದ್ದೇನಾದರೂ ಇದ್ದರೆ ಅಷ್ಟಕ್ಕೆ ರಿಯಾಯಿತಿ. ಟೆಕ್ಸಸ್, ಫ್ಲಾರಿಡಾ, ನೆವಾಡಾದಂಥ ರಾಜ್ಯಗಳಲ್ಲಿ ವೈಯಕ್ತಿಕ ಆದಾಯ ತೆರಿಗೆಯೇ ಇಲ್ಲದ್ದರಿಂದ ಅಲ್ಲಿ ಈ ಚರ್ಚೆ ಹುಟ್ಟುವುದಿಲ್ಲ.

ಇದರ ತೂಕ ತಿಳಿಯಬೇಕಾದರೆ ಸೈಟು ಮಾರಾಟದ ಲೆಕ್ಕ ನೋಡಬೇಕು. ಕ್ಯಾಲಿಫೋರ್ನಿಯಾದ ಸನಿವೇಲ್‌ನಲ್ಲಿರುವ ಅವಿವಾಹಿತ ಎಂಜಿನಿಯರ್ ಒಬ್ಬರಿಗೆ ವರ್ಷಕ್ಕೆ 90,000 ಡಾಲರ್ ಸಂಬಳ ಎಂದಿಟ್ಟುಕೊಳ್ಳೋಣ. ಹಲವು ವರ್ಷಗಳ ಹಿಂದೆ ಮೈಸೂರಿನಲ್ಲಿ ಕೊಂಡ ಸೈಟನ್ನು 2024ರ ನವೆಂಬರ್‌ನಲ್ಲಿ ಮಾರಿದರು, ಲಾಭ 80 ಲಕ್ಷ ರೂಪಾಯಿ. ಲೆಕ್ಕದ ಅನುಕೂಲಕ್ಕೆ ಡಾಲರಿಗೆ 80 ರೂಪಾಯಿ ಹಿಡಿದರೆ ಅದು 1,00,000 ಡಾಲರ್. ಭಾರತದಲ್ಲಿ ದೀರ್ಘಾವಧಿ ಬಂಡವಾಳ ಲಾಭದ ದರ 12.5%. ಆದಾಯ 50 ಲಕ್ಷ ದಾಟಿದ್ದಕ್ಕೆ ತೆರಿಗೆಯ ಮೇಲೆ 10% ಸರ್‌ಚಾರ್ಜ್, ಅದರ ಮೇಲೆ 4% ಸೆಸ್. ಒಟ್ಟು 14.3%, ಅಂದರೆ 14,300 ಡಾಲರ್. ಫೆಡರಲ್ ತೆರಿಗೆ ಅದೇ ಲಾಭಕ್ಕೆ 15%, ಅಂದರೆ 15,000 ಡಾಲರ್. ಫಾರ್ಮ್ 1116ರ ಮೂಲಕ ಭಾರತದ ತೆರಿಗೆ ಪೂರ್ತಿ ವಜಾ ಆದರೆ ಉಳಿಯುವ ಬಾಕಿ 700 ಡಾಲರ್. ಒಪ್ಪಂದ ತನ್ನ ಕೆಲಸ ಮಾಡಿತು.

ಇನ್ನು ಕ್ಯಾಲಿಫೋರ್ನಿಯಾ. ಬಂಡವಾಳ ಲಾಭಕ್ಕೆ ಅಲ್ಲಿ ಪ್ರತ್ಯೇಕ ಕಡಿಮೆ ದರವಿಲ್ಲ, ಸಂಬಳಕ್ಕಿರುವ ದರವೇ ಇದಕ್ಕೂ. 2024ರಲ್ಲಿ ಅವಿವಾಹಿತರಿಗೆ ಸುಮಾರು 70,600 ಡಾಲರಿನಿಂದ 3,60,600 ಡಾಲರಿನವರೆಗಿನ ಸ್ಲ್ಯಾಬಿನ ದರ 9.3%. ಆದ್ದರಿಂದ ಈ ಲಾಭದ ಮೇಲೆ 9,300 ಡಾಲರ್. ಬೇರೆ ರಾಜ್ಯಕ್ಕೆ ಕಟ್ಟಿದ ತೆರಿಗೆಗೆ ರಿಯಾಯಿತಿ ಕೇಳುವ ಶೆಡ್ಯೂಲ್ ಎಸ್‌ನಲ್ಲಿ ಭಾರತದ ತೆರಿಗೆಗೆ ಜಾಗವಿಲ್ಲ. ಖರ್ಚಿನ ಬಾಬ್ತಿನಲ್ಲಿ ಕಳೆಯೋಣವೆಂದರೆ ಅದಕ್ಕೂ ಅವಕಾಶವಿಲ್ಲ, ವಿದೇಶಿ ಆದಾಯ ತೆರಿಗೆಯನ್ನು ಶೆಡ್ಯೂಲ್ ಸಿಎ ತೆಗೆದುಹಾಕುತ್ತದೆ. ಅದೇ ಎಂಜಿನಿಯರ್ ಟೆಕ್ಸಸ್‌ನ ಆಸ್ಟಿನ್‌ನಲ್ಲಿ ನೆಲೆಸಿದ್ದರೆ ಈ 9,300 ಡಾಲರ್ ಕಟ್ಟುವ ಪ್ರಮೇಯ ಬರುತ್ತಿರಲಿಲ್ಲ.

ರಿಟರ್ನು ತುಂಬುವ ಕ್ರಮದಲ್ಲೇ ಒಂದು ತೊಡಕಿದೆ. ಮೊದಲು ಫೆಡರಲ್ 1040. ಅದರ ಹೊಂದಾಣಿಕೆಯಾದ ಒಟ್ಟು ಆದಾಯ ಕ್ಯಾಲಿಫೋರ್ನಿಯಾದ ಫಾರ್ಮ್ 540ಕ್ಕೆ ಇಳಿಯುತ್ತದೆ, ರಾಜ್ಯದ ಕಾನೂನು ಎಲ್ಲಿ ಬೇರೆಯೋ ಅಲ್ಲಿ ಶೆಡ್ಯೂಲ್ ಸಿಎಯಲ್ಲಿ ಕೂಡಿಸಿ ಕಳೆಯಬೇಕು. ಕಂಪನಿ ಸಂಬಳದಲ್ಲಿ ಹಿಡಿದ ರಾಜ್ಯ ತೆರಿಗೆ ಡಬ್ಲ್ಯು-2 ಪತ್ರದ 17ನೇ ಚೌಕದಲ್ಲಿರುತ್ತದೆ. ಇಲ್ಲಿಯವರೆಗೆ ಸಾಫ್ಟ್‌ವೇರೇ ನೋಡಿಕೊಳ್ಳುತ್ತದೆ. ಸಮಸ್ಯೆ ಇರುವುದು ಕ್ಯಾಲೆಂಡರಿನಲ್ಲಿ. ಅಮೆರಿಕದ ತೆರಿಗೆ ವರ್ಷ ಜನವರಿಯಿಂದ ಡಿಸೆಂಬರ್, ಭಾರತದ್ದು ಏಪ್ರಿಲ್‌ನಿಂದ ಮಾರ್ಚ್. ನವೆಂಬರ್‌ನಲ್ಲಿ ಕ್ರಯಪತ್ರ ನೋಂದಣಿಯಾದರೆ ಅಮೆರಿಕದ ರಿಟರ್ನು ಬರುವ ಏಪ್ರಿಲ್ 15ಕ್ಕೆ, ಭಾರತದ್ದು ಸಾಮಾನ್ಯವಾಗಿ ಜುಲೈ 31ಕ್ಕೆ. ಅನಿವಾಸಿಯಿಂದ ಸೈಟು ಕೊಳ್ಳುವವರು ಟಿಡಿಎಸ್ ಹಿಡಿಯಬೇಕು, ಕಡಿಮೆ ದರದ ಪ್ರಮಾಣಪತ್ರ ಮೊದಲೇ ಪಡೆಯದಿದ್ದರೆ ಲಾಭದ ಬದಲು ಇಡೀ ಮಾರಾಟ ಬೆಲೆಯ ಮೇಲೆ ಹಿಡಿಯುವುದು ವಾಡಿಕೆ. ಆ ಟಿಡಿಎಸ್ ಮೊತ್ತವನ್ನೇ ‘ಕಟ್ಟಿದ ತೆರಿಗೆ’ ಎಂದು 1116ರಲ್ಲಿ ಬರೆದುಬಿಡುವವರಿದ್ದಾರೆ. ಅದು ತಪ್ಪು. ಭಾರತದಲ್ಲಿ ವಾಪಸು ಬರುವ ಹಣ ತೆರಿಗೆಯೇ ಅಲ್ಲ, ಅಂತಿಮವಾಗಿ ಎಷ್ಟು ಬಾಧ್ಯತೆಯೋ ಅಷ್ಟಕ್ಕೇ ರಿಯಾಯಿತಿ. ಬೆಂಗಳೂರಿನ ಆಡಿಟರು ಲೆಕ್ಕ ಮುಗಿಸುವವರೆಗೆ ಕಾಯುವುದು ಜಾಣತನ. ಫೆಡರಲ್‌ಗೆ ಫಾರ್ಮ್ 4868 ಹಾಕಿದರೆ ಅಕ್ಟೋಬರ್ 15ರವರೆಗೆ ಸಮಯ ಸಿಗುತ್ತದೆ. ಕ್ಯಾಲಿಫೋರ್ನಿಯಾದಲ್ಲಿ ಅರ್ಜಿಯೂ ಬೇಡ, ಆರು ತಿಂಗಳು ತಾನಾಗಿ ಸಿಗುತ್ತದೆ.

ಆದರೆ ಸಿಗುವ ಸಮಯ ಕಾಗದ ಸಲ್ಲಿಸುವುದಕ್ಕೆ ಮಾತ್ರ, ಹಣ ಕಟ್ಟುವುದಕ್ಕಲ್ಲ. ಏಪ್ರಿಲ್ 15 ದಾಟಿದ ಬಾಕಿಗೆ ಬಡ್ಡಿ ಮತ್ತು ದಂಡ ಶುರು. ಸಂಬಳದಲ್ಲಿ ಹಿಡಿದ ರಾಜ್ಯ ತೆರಿಗೆ ಸಂಬಳಕ್ಕೆ ಸಾಲುವಷ್ಟೇ ಇರುತ್ತದೆ, ಮೈಸೂರಿನಲ್ಲಿ ಹಿಡಿದ ಟಿಡಿಎಸ್ ಕ್ಯಾಲಿಫೋರ್ನಿಯಾದ ಆದಾಯ ತೆರಿಗೆ ವಸೂಲು ಮಾಡುವ, ಸ್ಯಾಕ್ರಮೆಂಟೊದ ಫ್ರಾಂಚೈಸ್ ಟ್ಯಾಕ್ಸ್ ಬೋರ್ಡಿನ ಲೆಕ್ಕಕ್ಕೆ ಜಮೆಯಾಗುವುದಿಲ್ಲ. ಆದ್ದರಿಂದ ಸೈಟು ಮಾರಿದವರು ಅಂದಾಜು ತೆರಿಗೆಯನ್ನು ತಾವಾಗಿ ಕಟ್ಟಬೇಕು. ಫೆಡರಲ್ ಕಂತುಗಳು ನಾಲ್ಕೂ ಸಮ. ಕ್ಯಾಲಿಫೋರ್ನಿಯಾದ ಕಂತಿನ ಲೆಕ್ಕ ವಿಚಿತ್ರ: ಏಪ್ರಿಲ್‌ನಲ್ಲಿ 30%, ಜೂನ್‌ನಲ್ಲಿ 40%, ಸೆಪ್ಟೆಂಬರ್‌ನಲ್ಲಿ ಏನೂ ಇಲ್ಲ, ಜನವರಿಯಲ್ಲಿ 30%. ನವೆಂಬರ್‌ನಲ್ಲಿ ಮಾರಿದವರು ಜನವರಿ 15ರ ಕಂತಿನಲ್ಲಿ ಕಟ್ಟಿ, ಆದಾಯ ಬಂದದ್ದು ವರ್ಷದ ಕೊನೆಯಲ್ಲಿ ಎಂದು ಫಾರ್ಮ್ 5805ರಲ್ಲಿ ತೋರಿಸಿದರೆ ಹಿಂದಿನ ಕಂತುಗಳ ದಂಡದಿಂದ ಪಾರಾಗಬಹುದು. ಹಿಂದಿನ ವರ್ಷದ ತೆರಿಗೆಯಷ್ಟು ಈ ವರ್ಷ ಆಗಲೇ ಜಮೆಯಾಗಿದ್ದರೂ ಸಾಮಾನ್ಯವಾಗಿ ದಂಡವಿಲ್ಲ. ಆದಾಯ 1,50,000 ಡಾಲರ್ ಮೀರಿದವರಿಗೆ ಆ ಅಳತೆ 110%. ಬೋರ್ಡಿನ ವೆಬ್ ಪೇ ಮೂಲಕ ಬ್ಯಾಂಕ್ ಖಾತೆಯಿಂದ ಕಟ್ಟಿದರೆ ಶುಲ್ಕವಿಲ್ಲ, ಕಾರ್ಡಿನಲ್ಲಿ ಕಟ್ಟಿದರೆ ಇದೆ. ಒಮ್ಮೆ 20,000 ಡಾಲರಿಗಿಂತ ಹೆಚ್ಚಿನ ಅಂದಾಜು ಕಂತು ಕಟ್ಟಿದವರು ಮುಂದಿನ ಎಲ್ಲ ಪಾವತಿಗಳನ್ನೂ ಎಲೆಕ್ಟ್ರಾನಿಕ್ ಆಗಿಯೇ ಮಾಡಬೇಕು. ಅಭ್ಯಾಸಬಲದಿಂದ ಚೆಕ್ಕು ಕಳಿಸಿದರೆ ಅದಕ್ಕೇ 1% ದಂಡ.

ಭಾರತದಲ್ಲಿ ತೆರಿಗೆಯೇ ಇಲ್ಲದ ಆದಾಯದ ಕತೆ ಇನ್ನೂ ಕಟು. ಎನ್‌ಆರ್‌ಇ ಠೇವಣಿಯ ಬಡ್ಡಿಗೆ ಭಾರತದಲ್ಲಿ ವಿನಾಯಿತಿ ಇದೆ. ತೀರ್ಥಹಳ್ಳಿ ಕಡೆಯ ಅಡಿಕೆ ತೋಟದ ಪಾಲಿಗೂ ಕೃಷಿ ಆದಾಯವೆಂದು ಕೇಂದ್ರದ ತೆರಿಗೆಯಿಲ್ಲ. ಅಮೆರಿಕದ ಕಾನೂನಿಗೆ ಈ ಎರಡು ವಿನಾಯಿತಿಗಳೂ ಗೊತ್ತಿಲ್ಲ. ಕ್ಯಾಲಿಫೋರ್ನಿಯಾ ನಿವಾಸಿಯ ತೋಟದ ಲಾಭ ಎರಡೂ ರಿಟರ್ನುಗಳಲ್ಲಿ ಬರಬೇಕು, ವಜಾ ಮಾಡಲು ಭಾರತದ ತೆರಿಗೆ ಇರುವುದೇ ಇಲ್ಲ.

ಹಾಗಾದರೆ ಸೈಟು ಮಾರುವ ಮುನ್ನ ಟೆಕ್ಸಸ್‌ಗೆ ಹೋದರಾಯಿತಲ್ಲ ಎನ್ನುವವರಿದ್ದಾರೆ. ತತ್ವಶಃ ಹೌದು. ಕ್ಯಾಲಿಫೋರ್ನಿಯಾ ಬಿಟ್ಟು ಅನಿವಾಸಿಯಾದವರ ಮೈಸೂರು ಸೈಟಿನ ಲಾಭ ಆ ರಾಜ್ಯದ ಮೂಲದ ಆದಾಯವಲ್ಲ. ವರ್ಷದ ನಡುವೆ ಹೋದವರು 540ಎನ್‌ಆರ್ ಫಾರ್ಮಿನಲ್ಲಿ ಇಡೀ ವರ್ಷದ ಆದಾಯ ತೋರಿಸಬೇಕು. ಅದು ದರ ನಿಗದಿಗೆ ಮಾತ್ರ, ತೆರಿಗೆ ಬೀಳುವುದು ರಾಜ್ಯದ ಪಾಲಿಗೆ. ಆದರೆ ಹೋಗಿದ್ದು ನಿಜವೇ ಎಂಬುದನ್ನು ಬೋರ್ಡು ಸುಮ್ಮನೆ ನಂಬುವುದಿಲ್ಲ. ಮನೆ ಎಲ್ಲಿದೆ, ಹೆಂಡತಿ ಮಕ್ಕಳು ಎಲ್ಲಿದ್ದಾರೆ, ಡ್ರೈವಿಂಗ್ ಲೈಸೆನ್ಸು ಯಾವ ರಾಜ್ಯದ್ದು, ವೈದ್ಯರು ಎಲ್ಲಿಯವರು ಎಂದು ಒಂದೊಂದಾಗಿ ಕೆದಕುತ್ತದೆ. ಸಂಶೋಧಕ ಗಿಲ್ಬರ್ಟ್ ಹಯಾಟ್ 1991ರಲ್ಲೇ ನೆವಾಡಾಕ್ಕೆ ಹೋದೆನೆಂದರು, ಬೋರ್ಡು ಒಪ್ಪಲಿಲ್ಲ. ಅದರಿಂದ ಹುಟ್ಟಿದ ವ್ಯಾಜ್ಯ 2003, 2016, 2019ರಲ್ಲಿ, ಅಂದರೆ ಮೂರು ಬಾರಿ ಸುಪ್ರೀಂ ಕೋರ್ಟಿನ ತೀರ್ಪು ಕಂಡಿತು. ಅಲ್ಲಿ ಪಣಕ್ಕಿದ್ದದ್ದು ಪೇಟೆಂಟುಗಳಿಂದ ಬಂದ ಕೋಟಿಗಟ್ಟಲೆ ಡಾಲರ್. ಒಂದು ಸೈಟಿಗಾಗಿ ಊರು ಬಿಡುವುದು ಬುದ್ಧಿವಂತಿಕೆಯಲ್ಲ, ಬೇರೆ ಕಾರಣಕ್ಕೆ ಹೊರಟವರು ಕ್ರಯಪತ್ರದ ತಾರೀಖನ್ನು ನೋಡಿ ಗೊತ್ತುಮಾಡಿಕೊಳ್ಳುವುದು ಬುದ್ಧಿವಂತಿಕೆ.

ವಿದ್ಯಾರ್ಥಿಗಳ ವಿಷಯ ಚಿಕ್ಕದು. ಎಫ್-1 ವೀಸಾದವರನ್ನು ಫೆಡರಲ್ ಕಾನೂನು ಸಾಮಾನ್ಯವಾಗಿ ಮೊದಲ ಐದು ಕ್ಯಾಲೆಂಡರ್ ವರ್ಷ ಅನಿವಾಸಿಗಳೆಂದೇ ನೋಡುತ್ತದೆ. ಒಪ್ಪಂದದ 21ನೇ ವಿಧಿಯಿಂದಾಗಿ ಬೇರೆ ಅನಿವಾಸಿಗಳಿಗಿಲ್ಲದ ಸ್ಟ್ಯಾಂಡರ್ಡ್ ಡಿಡಕ್ಷನ್ ಭಾರತದ ವಿದ್ಯಾರ್ಥಿಗೆ ಸಿಗುತ್ತದೆ. ಆದರೆ ರಾಜ್ಯದ ನಿವಾಸಿ ಯಾರೆಂದು ತೀರ್ಮಾನಿಸುವಾಗ ವೀಸಾದ ಹೆಸರು ಮುಖ್ಯವಲ್ಲ. ಓದು ಮುಗಿಸಿ, ಕೆಲಸ ಹಿಡಿದು ಸ್ಯಾನ್ ಹೊಸೆಯಲ್ಲಿ ನೆಲೆಯೂರಿದವರು ಫೆಡರಲ್‌ಗೆ ಅನಿವಾಸಿ, ಕ್ಯಾಲಿಫೋರ್ನಿಯಾಕ್ಕೆ ನಿವಾಸಿ ಆಗಬಹುದು. ಆಗ ಊರಿನ ಎಫ್‌ಡಿ ಬಡ್ಡಿ ಫೆಡರಲ್ ರಿಟರ್ನಿನಲ್ಲಿ ಇರದೆ ರಾಜ್ಯದ ರಿಟರ್ನಿನಲ್ಲಿ ಮಾತ್ರ ಇರಬೇಕಾಗುತ್ತದೆ. ಫೆಡರಲ್ ಅಂಕಿಯನ್ನೇ ರಾಜ್ಯಕ್ಕೆ ಇಳಿಸಿಕೊಳ್ಳುವ ಸಾಫ್ಟ್‌ವೇರು ಇದನ್ನು ತಾನಾಗಿ ಸೇರಿಸುವುದಿಲ್ಲ, ಶೆಡ್ಯೂಲ್ ಸಿಎಯಲ್ಲಿ ಕೈಯಾರೆ ಬರೆಯಬೇಕು.

ಊರಿನ ಖಾತೆಯ ಸುದ್ದಿ ಅಲ್ಲಿಗೆ ತಲುಪುವುದಿಲ್ಲ ಎಂಬ ಕಾಲ ಹೋಯಿತು. 2015ರ ಜುಲೈನಲ್ಲಿ ಭಾರತ ಮತ್ತು ಅಮೆರಿಕ ಖಾತೆ ಮಾಹಿತಿ ಹಂಚಿಕೆಯ ಒಪ್ಪಂದಕ್ಕೆ ಸಹಿ ಹಾಕಿವೆ. ಫೆಡರಲ್ ತೆರಿಗೆ ಇಲಾಖೆ ತನ್ನ ಮಾಹಿತಿಯನ್ನು ರಾಜ್ಯಗಳೊಂದಿಗೆ ಹಂಚಿಕೊಳ್ಳುತ್ತದೆ. ಫೆಡರಲ್ ರಿಟರ್ನಿನ ಆದಾಯ ಬದಲಾದರೆ ಆರು ತಿಂಗಳೊಳಗೆ ಕ್ಯಾಲಿಫೋರ್ನಿಯಾಕ್ಕೆ ತಿಳಿಸುವ ಹೊಣೆ ತೆರಿಗೆದಾರರದು. ಫೆಡರಲ್ ಇಲಾಖೆಗೆ ಮರುಪರಿಶೀಲನೆಗೆ ಸಾಮಾನ್ಯವಾಗಿ ಮೂರು ವರ್ಷದ ಅವಧಿ, ಕ್ಯಾಲಿಫೋರ್ನಿಯಾಕ್ಕೆ ನಾಲ್ಕು. ರಿಟರ್ನನ್ನೇ ಸಲ್ಲಿಸದಿದ್ದರೆ ಕಾಲಮಿತಿಯೇ ಇಲ್ಲ. ಕ್ರಯಪತ್ರ, ಸೈಟು ಕೊಂಡಾಗಿನ ಪತ್ರ, ಟಿಡಿಎಸ್ ಪ್ರಮಾಣಪತ್ರ, ಬ್ಯಾಂಕಿನ ಬಡ್ಡಿ ಪಟ್ಟಿ ಇವನ್ನೆಲ್ಲ ಕನಿಷ್ಠ ಆ ನಾಲ್ಕು ವರ್ಷ ಜೋಪಾನ ಮಾಡಬೇಕು. ಬಡ್ಡಿ ಪಟ್ಟಿ ಕೇಳುವಾಗ ಜನವರಿಯಿಂದ ಡಿಸೆಂಬರ್‌ವರೆಗಿನದನ್ನೇ ಕೇಳಿ ಪಡೆಯಬೇಕು, ಬ್ಯಾಂಕು ತಾನಾಗಿ ಕೊಡುವುದು ಏಪ್ರಿಲ್‌ನಿಂದ ಮಾರ್ಚ್‌ನದು.